ಅಪ್ಪನ ಮಾತಿಗೆ ನಾನು ಹಾಕಿದ ಕತ್ತರಿ

ನನಗೊಂದು ಕೆಟ್ಟ ಚಾಳಿಯಿದೆ, ಮೊದಲೇ ಒಪ್ಪಿಕೊಂಡುಬಿಡುತ್ತೇನೆ. ಮಾತಾಡುವವರು ನಡುವೆ ಸುಮ್ಮನಾದರೆ ನನಗೆ ತಡೆಯುವುದಿಲ್ಲ, ಬೆರಳು ತುರಿಸುತ್ತದೆ. ಇಪ್ಪತ್ತು ವರ್ಷ ಬೆಂಗಳೂರಿನ ಎಡಿಟಿಂಗ್ ರೂಮುಗಳಲ್ಲಿ ಕೂತು ಸಿನಿಮಾ ಸಂಕಲನ ಮಾಡಿದವನು ನಾನು. ನಾಯಕ ಉಸಿರೆಳೆದುಕೊಳ್ಳುವುದನ್ನೂ ನಾಯಕಿ ಸಂಭಾಷಣೆ ಮರೆತು ಸೂರು ನೋಡುವುದನ್ನೂ ಕತ್ತರಿಸಿ ಎಸೆಯುವುದೇ ನನಗೆ ಅನ್ನ ಕೊಟ್ಟ ಕೆಲಸ. ಈಗ ಅರಸೀಕೆರೆಗೆ ಬಂದು ಮದುವೆ ವಿಡಿಯೊ ಜೋಡಿಸುತ್ತಿದ್ದರೂ ಚಾಳಿ ಬಿಟ್ಟಿಲ್ಲ. ಹೆಂಡತಿ "ರೀ, ಇವತ್ತು ಸಾಯಂಕಾಲ..." ಎಂದು ಯೋಚಿಸುತ್ತ ನಿಂತರೆ "ಹೂಂ, ಮುಂದೆ?" ಎನ್ನುತ್ತೇನೆ. ಅವಳು ಮುಖ ಊದಿಸಿಕೊಂಡು ಅಡುಗೆಮನೆಗೆ ಹೋಗಿಬಿಡುತ್ತಾಳೆ. ಹೀಗೆ ಎಷ್ಟು ಸಾಯಂಕಾಲಗಳ ಸಂಗತಿ ನನಗೆ ಗೊತ್ತಾಗದೇ ಹೋಗಿದೆಯೋ.

ಅಪ್ಪ ಇದಕ್ಕೆ ತದ್ವಿರುದ್ಧ. ಹಾರನಹಳ್ಳಿ ಕಡೆ ಮಳೆ ಬಂತಾ ಎಂದು ಯಾರಾದರೂ ಕೇಳಿದರೆ, ಎಲೆಅಡಿಕೆ ಬಾಯಿಗೆ ಹಾಕಿ, ಅಗಿದು, ಎದ್ದು ಹೋಗಿ ಉಗಿದು ಬಂದು, ಆಮೇಲೆ "ಬಂತು" ಎನ್ನುತ್ತಿದ್ದರು. ಅವರ ಮದುವೆಗೆ ಐವತ್ತು ತುಂಬಿದಾಗ ಒಂದು ವಿಡಿಯೊ ಮಾಡೋಣವೆಂದು ಅಪ್ಪ ಅವ್ವ ಇಬ್ಬರನ್ನೂ ಹಳೇಬೀಡಿಗೆ ಕರೆದುಕೊಂಡು ಹೋದೆ. ಮದುವೆಯಾದ ಹೊಸತರಲ್ಲಿ ಅವರಿಬ್ಬರೇ ಬಸ್ಸಿನಲ್ಲಿ ಹೋಗಿದ್ದ ಜಾಗ ಅದು. ಗುಡಿಯ ಮುಂದಿನ ಹುಲ್ಲಿನ ಮೇಲೆ ಅಪ್ಪನನ್ನು ಕೂರಿಸಿ, "ಆವತ್ತಿನ ಕತೆ ಹೇಳಪ್ಪ" ಎಂದೆ. ನಲವತ್ತು ನಿಮಿಷ ಹೇಳಿದರು. ಅದರಲ್ಲಿ ಮಾತು ನಾಲ್ಕೇ ನಿಮಿಷ. ಕೆಮ್ಮು, ಕಣ್ಣುಮುಚ್ಚಿ ಕೂರುವುದು, ಪಕ್ಕಕ್ಕೆ ತಿರುಗುವುದು, ಎಲ್ಲ ತೆಗೆದು ಚೊಕ್ಕ ಮಾಡಿದೆ. ನೋಡಿ ಅಪ್ಪನೇ ಬೆರಗಾದರು. "ಏನ್ಲಾ, ನಾನು ಹಿಂಗ್ ಪಟಪಟಾಂತ ಮಾತಾಡ್ತೀನೇನ್ಲಾ?" ನೆಂಟರೆಲ್ಲ ನಕ್ಕರು, ನಾನು ಬೀಗಿದೆ. ಮಾರನೇ ವಾರ ಜಾವಗಲ್ಲಿನ ಒಂದು ಮದುವೆಗಾಗಿ ಡಿಸ್ಕಿನಲ್ಲಿ ಜಾಗ ಬೇಕಾಯಿತು. ಚೊಕ್ಕ ಮಾಡಿದ್ದು ಇದೆಯಲ್ಲ ಎಂದು ನಲವತ್ತು ನಿಮಿಷದ ಮೂಲವನ್ನು ಅಳಿಸಿಹಾಕಿದೆ.

ಅಪ್ಪ ತೀರಿಕೊಂಡು ಒಂದು ವರ್ಷವಾಯಿತು. ತಿಥಿ ಮುಗಿದ ಮೇಲೆ ಅವ್ವ ಆ ವಿಡಿಯೊ ಹಾಕು ಎಂದಳು. ಎರಡು ಸಲ ನೋಡಿ ಕೇಳಿದಳು: "ಮಗಾ, ನನ್ ಸುದ್ದಿ ಎತ್ತೋಕ್ ಮುಂಚೆ ನಿಮ್ಮಪ್ಪ ಒಂದ್ ಗಳಿಗೆ ಸುಮ್ಕಾಗಿ ನನ್ ಕಡೆ ನೋಡ್ತಿದ್ರು. ಅದ್ ಎಲ್ಲೋಯ್ತು?"

ಆಗ ನೆನಪಾಯಿತು. ಅವ್ವ ಅವತ್ತು ಕೂತಿದ್ದದ್ದು ಕ್ಯಾಮೆರಾದ ಪಕ್ಕದಲ್ಲಿ. ಅಪ್ಪ ಮತ್ತೆ ಮತ್ತೆ ಪಕ್ಕಕ್ಕೆ ತಿರುಗಿದ್ದು ಅವಳನ್ನು ನೋಡಲು. ಕ್ಯಾಮೆರಾ ನೋಡದೆ ತಪ್ಪು ಮಾಡುತ್ತಿದ್ದಾರೆಂದು ನಾನು ಒಂದನ್ನೂ ಬಿಡದೆ ಕತ್ತರಿಸಿದ್ದೆ. ಅಳಿಸಿಬಿಟ್ಟೆ ಎನ್ನಲು ಧೈರ್ಯ ಬರಲಿಲ್ಲ. "ಐತೆ ಕಣವ್ವ, ಹುಡುಕ್ತೀನಿ" ಎಂದೆ.

ಎರಡು ದಿನ ಹೆಣಗಾಡಿದೆ. ಉಳಿದದ್ದನ್ನೇ ನಿಧಾನ ಮಾಡಿ, ಅಪ್ಪನ ಮುಖವನ್ನು ಅಲ್ಲಲ್ಲಿ ನಿಲ್ಲಿಸಿ, ಮೌನದ ತೇಪೆ ಹಾಕಿ ತಂದು ತೋರಿಸಿದೆ. ಅವ್ವ ಪೂರ್ತಿ ನೋಡಲಿಲ್ಲ. "ಬ್ಯಾಡ, ಆರ್ಸು. ಇದು ನಿಮ್ಮಪ್ಪ ಸುಮ್ಕಾಗಿದ್ದಲ್ಲ ಕಣೋ, ನೀನ್ ಮಾಡಿದ್ದು" ಎಂದಳು.

ಇಷ್ಟು ವರ್ಷದಲ್ಲಿ ಪರದೆ ನೋಡಿ ಇದು ನನ್ನ ಕೆಲಸವೆಂದು ಗುರುತಿಸಿದ ಪ್ರೇಕ್ಷಕರು ಒಬ್ಬರೂ ಸಿಕ್ಕಿರಲಿಲ್ಲ. ಕೊನೆಗೂ ಒಬ್ಬಳು ಸಿಕ್ಕಳು, ಅದೂ ಗುರುತು ಸಿಗಬಾರದೆಂದು ನಾನು ಬೆವರು ಸುರಿಸಿ ಮಾಡಿದ ಕೆಲಸದಲ್ಲಿ.