ಚರಗ ಚೆಲ್ಲಿದವನದೇ ಹೊಲ

ತಂದೆಯಿಂದ ಮಕ್ಕಳಿಗೆ ಏನೇನೋ ಬರುತ್ತದೆ. ಕೆಲವರಿಗೆ ಮೂಗು, ಕೆಲವರಿಗೆ ಉಬ್ಬಸ, ಪುಣ್ಯವಂತರಿಗೆ ಎರೆಹೊಲ. ನನಗೆ ಇವೆಲ್ಲದರ ಜೊತೆಗೆ ಒಂದು ಗೆದ್ದ ದಾವೆಯೂ ಬಂದಿದೆ. ಸೋತ ದಾವೆಯಾದರೆ ಒಂದು ತಲೆಮಾರು ಶಪಿಸಿ ಸುಮ್ಮನಾಗಬಹುದು. ಗೆದ್ದದ್ದು ಹಾಗಲ್ಲ, ಅದನ್ನು ಸಾಕಬೇಕಾಗುತ್ತದೆ. ಅಪ್ಪ ಗೆದ್ದು ಸಮಾಧಾನದಿಂದ ಕಣ್ಣು ಮುಚ್ಚಿದರು. ಸಾಕುವ ಪಾಳಿ ನನ್ನದಾಯಿತು.

ನಮ್ಮ ಹೊಲ ಮನೋಳಿಯ ಹತ್ತಿರ, ಹಳ್ಳದ ದಂಡೆಗೆ. ಪಕ್ಕದ್ದು ಬಸಲಿಂಗಪ್ಪನದು. ಎರಡರ ನಡುವೆ ಹಳ್ಳಕ್ಕಿಳಿಯುವ ಒಂದು ಪಟ್ಟಿ ಭೂಮಿ. ನಾಲ್ಕು ಹೆಂಗಸರು ಸೀರೆ ಒಣಹಾಕಿದರೆ ಮುಗಿದುಹೋಗುವಷ್ಟೇ ಅಗಲ, ಆದರೆ ನಮ್ಮ ದನ ನೀರಿಗಿಳಿಯಲು ಇರುವ ದಾರಿ ಅದೊಂದೇ. ಆ ಪಟ್ಟಿಗಾಗಿ ನಮ್ಮಪ್ಪನೂ ಬಸಲಿಂಗಪ್ಪನ ಅಪ್ಪನೂ ಸವದತ್ತಿಯ ಕೋರ್ಟಿಗೆ ಅಲೆದದ್ದು ಸ್ವಲ್ಪವಲ್ಲ. ಇಬ್ಬರೂ ಒಂದೇ ಚಕ್ಕಡಿಯಲ್ಲಿ ಹೋಗುತ್ತಿದ್ದರೆಂದು ಅವ್ವ ಹೇಳುತ್ತಿದ್ದಳು. ಜಗಳ ಹೊಲದ್ದು, ಚಕ್ಕಡಿಯದಲ್ಲವಲ್ಲ. ಸಾಕ್ಷಿಗಳು ಒಬ್ಬೊಬ್ಬರು ಒಂದೊಂದು ಹೇಳಿ ಮುನಸೀಫರ ತಲೆ ಕೆಡಿಸಿದರಂತೆ. ಕೊನೆಗೆ ಊರಿನ ಹಿರಿಯರೊಬ್ಬರು ಎದ್ದುನಿಂತು, ಎಳ್ಳಮಾವಾಸ್ಯೆಯ ದಿನ ಆ ಪಟ್ಟಿಯಲ್ಲಿ ಚರಗ ಚೆಲ್ಲುವವರು ನಮ್ಮ ಮನೆಯವರು, ಬಸಲಿಂಗಪ್ಪನ ಮನೆಯವರು ಊಟಕ್ಕಷ್ಟೇ ಬರುತ್ತಾರೆ ಎಂದರು. ಭೂಮಿತಾಯಿಗೆ ಎಡೆ ಮಾಡಿ, ಆ ಅಡುಗೆಯನ್ನು ಪೈರಿನೊಳಗೆಲ್ಲ ಚೆಲ್ಲಿ ಬರುವುದು ನಮ್ಮ ಕಡೆಯ ಪದ್ಧತಿ. ಊಟಕ್ಕೆ ಯಾರ ಹೊಲಕ್ಕಾದರೂ ಹೋಗಬಹುದು, ಚೆಲ್ಲುವುದು ಮಾತ್ರ ಅವರವರ ಹೊಲದಲ್ಲಿ. ಮುನಸೀಫರಿಗೆ ಈ ಮಾತು ಹಿಡಿಸಿತು. ಉಂಡವನದಲ್ಲ, ಚೆಲ್ಲಿದವನದೇ ಕಬಜಾ, ಅಂದರೆ ಸ್ವಾಧೀನ, ಎಂದು ತೀರ್ಪು ಬರೆದರು. ಅಂದಿನಿಂದ ನಮ್ಮೂರಲ್ಲಿ ಯಾರೂ ಊಟಕ್ಕೆ ಬಂದವರ ಕೈಗೆ ಚರಗದ ಬುಟ್ಟಿ ಕೊಡಲಿಲ್ಲ. ಹೊಸ ಅಳಿಯ ಹುರುಪಿನಿಂದ ಬುಟ್ಟಿಗೆ ಕೈ ಹಾಕಿದರೆ ಮಾವ ಓಡಿಬಂದು ಕಸಿದುಕೊಳ್ಳುತ್ತಿದ್ದ.

ಹೀಗಿರುವಾಗ ಒಂದು ಬೇಸಿಗೆಯಲ್ಲಿ ಬಸಲಿಂಗಪ್ಪ ನೇಗಿಲು ಹೂಡಿದವನು ನಡುವಿನ ಬದುವನ್ನೇ ಒಡೆದು ಪಟ್ಟಿಯನ್ನು ತನ್ನ ಹೊಲಕ್ಕೆ ಸೇರಿಸಿಕೊಂಡ. ನೀರಿಗೆ ಹೋದ ದನ ಹೋದ ಹಾಗೆಯೇ ತಿರುಗಿ ಬಂದವು. ನನ್ನ ಹೆಂಡತಿ ಗಂಗವ್ವ ಬಾವಿಯಿಂದ ನೀರು ಸೇದಿ ಅವಕ್ಕೆ ಕುಡಿಸುತ್ತ, ಗಂಡಸರು ಇರುವ ಮನೆಯಲ್ಲಿ ಹೀಗಾಗುವುದಿಲ್ಲ ಎಂದು ಎಮ್ಮೆಗೆ ಹೇಳಿದಳು. ನಾನು ಸಿಟ್ಟಾಗಲಿಲ್ಲ. ಅಪ್ಪ ಗೆದ್ದ ತೀರ್ಪಿನ ಹುಕುಮನಾಮೆ ಪೆಟ್ಟಿಗೆಯಲ್ಲಿರುವಾಗ ಸಿಟ್ಟೇಕೆ? ಅದನ್ನು ಹೆಗಲ ಮೇಲಿನ ವಲ್ಲಿಯಲ್ಲಿ ಸುತ್ತಿಕೊಂಡು ಬೈಲಹೊಂಗಲದ ವಕೀಲರ ಮನೆಗೆ ಹೋದೆ.

ವಕೀಲರು ಓದಿ ಖುಷಿಪಟ್ಟರು. ತಂದೆಯಂದಿರ ನಡುವೆ ಒಮ್ಮೆ ತೀರ್ಮಾನವಾದದ್ದನ್ನು ಮಕ್ಕಳು ಮತ್ತೆ ಕೆದಕುವಂತಿಲ್ಲ, ಇದು ಕಲ್ಲಿನ ಮೇಲೆ ಕೊರೆದ ಹಾಗೆ ಎಂದರು. ನಾನು ಗೋಡೆಗೆ ಒರಗಿ ಕುಳಿತು ಒಂದು ಎಲೆ ಅಡಿಕೆ ಹಾಕಿಕೊಂಡೆ. ಆಮೇಲೆ ಅವರು ಕಣ್ಣಿನ ಚಾಳೀಸು ತೆಗೆದಿಟ್ಟು ಕೇಳಿದರು.

"ಇದು ಆವತ್ತಿನ ಮಾತಾತ್ರಿ. ಅಲ್ಲಿಂದ ಈಚೆಗೆ ಹನ್ನೆರಡು ವರ್ಷ ಅವನ ಕಬಜಾದಾಗ ಇದ್ದರ, ಭೂಮಿ ಅವಂದ ಆಗಿಬಿಡ್ತದ. ಈಗ ಚರಗಾ ಯಾರು ಚೆಲ್ಲತೀರಿ?"

ನಾನು ಎದ್ದು ಹೋಗಿ ಎಲೆ ಅಡಿಕೆ ಉಗುಳಿ ಬಂದೆ. ಚರಗ ಚೆಲ್ಲಲು ಪೈರಿನೊಳಗೆ ಹೊಕ್ಕರೆ ಜೋಳದ ಗರಿ ಮೈ ಕೊಯ್ಯುತ್ತದೆ, ಮಣ್ಣಿನ ಹೆಂಟೆ ಕಾಲಿಗೆ ಚುಚ್ಚುತ್ತದೆ. ಮೇಲಾಗಿ ಹಬ್ಬಕ್ಕೆಂದು ಉಟ್ಟ ಮಡಿಕೆ ಮುರಿಯದ ಧೋತರ. ಅಪ್ಪ ಹೋದ ವರ್ಷವೇ ನಾನು ಬುಟ್ಟಿಯನ್ನು ಬಸಲಿಂಗಪ್ಪನ ಕೈಗೆ ಕೊಟ್ಟು, ನಿನ್ನ ಕಾಲು ಉದ್ದ, ಒಂದು ಸುತ್ತು ಹಾಕಿ ಬಾ ಎಂದಿದ್ದೆ. ಅವನು ಪಾಪ, ಅಂದಿನಿಂದ ತಪ್ಪದೆ ಸುತ್ತು ಹಾಕುತ್ತಿದ್ದ. ಇಡೀ ಊರು ಹೆದರಿ ಬುಟ್ಟಿ ಬಚ್ಚಿಟ್ಟುಕೊಂಡಿರುವಾಗ, ಬಿಟ್ಟುಕೊಟ್ಟವನು ದಾವೆ ಗೆದ್ದ ಮನೆಯ ನಾನೊಬ್ಬನೇ. ಅಪ್ಪ ಹೋಗಿ ಎಷ್ಟು ವರ್ಷವಾಯಿತೆಂದು ವಕೀಲರು ಕೇಳಿದರು. ಹೇಳಿದೆ. ಹನ್ನೆರಡು ಎಂದೋ ದಾಟಿತ್ತು. ಅವರು ಹುಕುಮನಾಮೆಯನ್ನು ಮಡಚಿ, ಎರಡೂ ಕೈಯಿಂದ ನನಗೆ ಮರಳಿ ಕೊಟ್ಟರು.

"ಇದನ್ನ ಮನ್ಯಾಗ ಇಡ್ರಿ. ಕೋರ್ಟಿಗೆ ತಂದ್ರ ಅವನ್ನ ಗೆಲ್ಲಸ್ತದ."

ದಾರಿಯುದ್ದಕ್ಕೂ ನನಗೆ ನಿಜವಾಗಿ ಭಯವಾಗಿತ್ತು. ದನಕ್ಕೆ ನೀರಿಲ್ಲದೆ ಒಕ್ಕಲುತನ ಮಾಡುವುದು ಹೇಗೆ? ಅಪ್ಪ ಗೆದ್ದು ಕೊಟ್ಟದ್ದನ್ನು ಧೋತರದ ಮಡಿಕೆಗಾಗಿ ಕಳೆದೆನೆಂದು ಗಂಗವ್ವನಿಗೆ ಹೇಳುವುದು ಹೇಗೆ? ಏನಾಯಿತೆಂದು ಅವಳು ಕೇಳಿದಾಗ, ವಕೀಲರು ವಿಚಾರ ಮಾಡುತ್ತಿದ್ದಾರೆ ಎಂದೆ. ಅವಳು ಕೊಡ ಎತ್ತಿಕೊಂಡು ಬಾವಿಗೆ ಹೋದಳು.

ಮರುದಿನ ಮುಂಜಾನೆ ಬಸಲಿಂಗಪ್ಪನೇ ಬಂದು ಪಡಸಾಲೆಯಲ್ಲಿ ತಲೆ ತಗ್ಗಿಸಿ ಕುಳಿತ. ಅವನೂ ಬೈಲಹೊಂಗಲಕ್ಕೆ ಹೋಗಿದ್ದನಂತೆ, ಬೇರೊಬ್ಬ ವಕೀಲರ ಹತ್ತಿರ.

"ಅಪ್ಪ ಸೋತದ್ದನ್ನ ಮಗಾ ತಿರುಗಿ ಕೇಳಾಕ ಬರೂದಿಲ್ಲಂತ್ರಿ ಅಣ್ಣಾರ. ತಪ್ಪಾತು. ಬದು ಮತ್ತ ಹಾಕಿ ಕೊಡತೇನಿ."

ಚರಗ ಯಾರು ಚೆಲ್ಲುತ್ತೀರೆಂದು ಅವನ ವಕೀಲರು ಕೇಳಿರಲಿಲ್ಲ. ಕೇಳದ್ದನ್ನು ಹೇಳುವ ಚಟ ಇವನಿಗೂ ಇಲ್ಲ. ನಾನು ದೊಡ್ಡ ಮನಸ್ಸಿನವನ ಹಾಗೆ ಮುಖ ಮಾಡಿಕೊಂಡು, ಕಾಯದೆ ಎಂದರೆ ಕಾಯದೆ, ಅದಕ್ಕೆ ನೀನಾದರೂ ಏನು ಮಾಡುತ್ತೀ ಎಂದು ಮಜ್ಜಿಗೆ ತರಿಸಿ ಕೊಟ್ಟೆ. ಅವನು ಹೋದಮೇಲೆ ಗಂಗವ್ವನಿಗೆ ಎಲ್ಲ ಹೇಳಿದೆ. ಅವಳು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ, ಮಾವನವರು ಹೊಲ ಗೆದ್ದರು, ನೀವಿನ್ನು ದುಡಿದು ಉಳಿಸಿಕೊಳ್ಳಿರಿ ಎಂದಳು.

ಆ ವರ್ಷದ ಎಳ್ಳಮಾವಾಸ್ಯೆಗೆ ಬಸಲಿಂಗಪ್ಪ ವಾಡಿಕೆಯಂತೆ ಬುಟ್ಟಿಗೆ ಕೈ ಚಾಚಿದ. ನಾನು ಗಬಕ್ಕನೆ ಅದನ್ನು ಎಳೆದುಕೊಂಡೆ. ಅವನಿಗೆ ಆಶ್ಚರ್ಯವಾಯಿತು. ಈ ವರ್ಷ ಹರಕೆ ಇದೆ ಎಂದೆ. ಹರಕೆ ಅಂದಿನಿಂದ ಇಂದಿನವರೆಗೂ ತೀರಿಲ್ಲ. ಪ್ರತಿವರ್ಷ ಧೋತರ ಮೇಲಕ್ಕೆ ಕಟ್ಟಿ, ಬುಟ್ಟಿ ಹೊತ್ತು, ಕೆನ್ನೆ ಮೊಣಕೈ ತರಚಿಸಿಕೊಂಡು, ಏದುಸಿರು ಬಿಡುತ್ತ ನನ್ನ ಕಬಜಾವನ್ನು ಕಾಪಾಡಿಕೊಳ್ಳುತ್ತೇನೆ. ಬಸಲಿಂಗಪ್ಪ ಬನ್ನಿಗಿಡದ ನೆರಳಲ್ಲಿ, ನಮ್ಮದೇ ಕಂಬಳಿಯ ಮೇಲೆ, ಶೇಂಗಾ ಹೋಳಿಗೆಯ ಬುಟ್ಟಿಯ ಪಕ್ಕ ಕಾಲು ಚಾಚಿ ಒರಗಿರುತ್ತಾನೆ. ಹೋದ ವರ್ಷ ಹೇಗೋ ಒಂದು ಸುತ್ತು ಮುಗಿಸಿ ಬಂದು ಬುಟ್ಟಿ ಇಳಿಸಬೇಕು, ಅಷ್ಟರಲ್ಲಿ ಅವನು ಅರ್ಧ ಕಣ್ಣು ತೆರೆದು ಹಳ್ಳದ ಕಡೆ ಬೆರಳು ತೋರಿಸಿದ.

"ಅಣ್ಣಾರ, ಆ ಮೂಲಿ ಬಿಟ್ಟೀರಿ ನೋಡ್ರಿ."

ಬುಟ್ಟಿ ಎತ್ತಿಕೊಂಡು ಮತ್ತೆ ಹೋದೆ.