ಒಂದು ಚೂರು ಕಡಿಮೆಯಾದ ಆಕಾಶ

ಸಿಟ್ಟು ಬರುವುದಕ್ಕೆ ದೊಡ್ಡ ಕಾರಣವೇ ಬೇಕು ಎಂದು ನಂಬಿಕೊಂಡಿರುವವರು ಪುಣ್ಯವಂತರು. ನನಗೆ ಬೆಂಕಿಪೊಟ್ಟಣದಲ್ಲಿ ಮದ್ದಿಲ್ಲದ ಒಂದು ಕಡ್ಡಿ ಸಿಕ್ಕರೂ ಸಾಕು, ಆ ದಿನದ ಮಟ್ಟಿಗೆ ದೇಶದ ಭವಿಷ್ಯದ ಬಗ್ಗೆ ನಂಬಿಕೆ ಹೋಗಿಬಿಡುತ್ತದೆ. ಇದಕ್ಕೆ ನನ್ನ ಕೆಲಸವೂ ಒಂದು ಕಾರಣವಿರಬಹುದು. ಹೆದ್ದಾರಿಯ ಆಚೀಚೆ ರಾಗಿ ಬೆಳೆಯುತ್ತಿದ್ದ ಕಡೆ ನೀಲಿ ತಗಡಿನ ಶೆಡ್ಡುಗಳು ಒಂದೊಂದಾಗಿ ಏಳುತ್ತಿದ್ದ ಕಾಲದಲ್ಲಿ, ಬಿಡದಿಯ ಒಂದು ಕಾರ್ಖಾನೆಯ ಸ್ಟೋರಿನಲ್ಲಿ ನಾನು ಉಸ್ತುವಾರಿಯಾಗಿದ್ದೆ. ಬೋಲ್ಟು, ನಟ್ಟು, ವಾಷರುಗಳನ್ನು ಎಣಿಸಿ ಒಳಗೆ ತೆಗೆದುಕೊಳ್ಳುವುದು, ಎಣಿಸಿ ಹೊರಗೆ ಕೊಡುವುದು. ಒಂದು ವಾಷರ್ ಕಡಿಮೆ ಬಂದಿದೆ ಎಂದು ಇಡೀ ಲಾರಿಯನ್ನೇ ಗೇಟಿನ ಹೊರಗೆ ನಿಲ್ಲಿಸಿದ ಕೀರ್ತಿ ನನ್ನದು. ಲಾರಿಯ ಚಾಲಕರು ನನ್ನನ್ನು ಕಂಡರೆ ಬೀಡಿ ಬಿಸಾಡುತ್ತಿದ್ದರು. ಅದು ಗೌರವ ಎಂದೇ ನಾನು ಬಹಳ ದಿನ ತಿಳಿದಿದ್ದೆ.

ಇಂಥ ನನ್ನ ಮಾತು ರಾಮನಗರದ ನನ್ನ ಸ್ವಂತ ಬಾಡಿಗೆ ಮನೆಯಲ್ಲಿ ಮಾತ್ರ ನಡೆಯುತ್ತಿರಲಿಲ್ಲ. ಮನೆಯಲ್ಲಿ ಇದ್ದವರು ನನ್ನ ಹೆಂಡತಿ ಸುಮಿತ್ರ, ಮೂರನೆಯ ಕ್ಲಾಸಿನ ಮಗಳು ನಂದಿನಿ, ತಿಪ್ಪಸಂದ್ರದ ಕಡೆಯ ಹಳ್ಳಿಯಿಂದ ನಮ್ಮ ಜೊತೆ ಇರಲು ಬಂದಿದ್ದ ನನ್ನ ಅವ್ವ, ಮತ್ತು ಒಂದೇ ಒಂದು ಟೀವಿ. ಸಂಜೆ ಏಳು ಗಂಟೆಗೆ ಸುಮಿತ್ರಳಿಗೆ ಒಂದು ಧಾರಾವಾಹಿ, ಅದೇ ಏಳಕ್ಕೆ ಅವ್ವನಿಗೆ ಬೇರೆ ಚಾನೆಲ್ಲಿನ ಇನ್ನೊಂದು ಧಾರಾವಾಹಿ. ಎರಡರಲ್ಲೂ ಅತ್ತೆ ಸೊಸೆಯರು ಜಗಳವಾಡುತ್ತಿದ್ದರು. ಆದರೆ ಸುಮಿತ್ರ ನೋಡುವುದರಲ್ಲಿ ಅತ್ತೆ ಕೆಟ್ಟವಳು, ಅವ್ವ ನೋಡುವುದರಲ್ಲಿ ಸೊಸೆ ಕೆಟ್ಟವಳು. ಒಂದು ಸಂಜೆ ರಿಮೋಟ್ ಇಬ್ಬರ ಕೈಯಲ್ಲೂ ಇದ್ದಾಗ ಕೆಳಗೆ ಬಿದ್ದು ಒಡೆಯಿತು. ಅಂದಿನಿಂದ ಇಬ್ಬರಿಗೂ ಮಾತು ನಿಂತಿತು. ಒಂದು ತಿಂಗಳು ನಾನೇ ಅಂಚೆಯವನಾದೆ. "ರೀ, ಮುದ್ದೆ ತಣ್ಣಗಾಗ್ತಿದೆ ಅಂತ ನಿಮ್ಮವ್ವನಿಗೆ ಹೇಳಿ" ಎಂದು ಸುಮಿತ್ರ ಅನ್ನುವುದು, ಎರಡು ಅಡಿ ದೂರದಲ್ಲಿ ಕೂತ ಅವ್ವ "ನಂಗೇನ್ ಕಿವಿ ಕೇಳ್ದಾ? ಬತ್ತೀನಿ ಅನ್ನು" ಎಂದು ನನ್ನ ಮುಖ ನೋಡಿ ಅನ್ನುವುದು. ಊಟದ ಹೊತ್ತಿಗೆ ನನಗೆ ಮುದ್ದೆ ನುಂಗುವುದಕ್ಕೂ ಬಿಡುವಿರುತ್ತಿರಲಿಲ್ಲ. ಅವ್ವ ಒಂದು ಸಲ ತನ್ನ ಸೀರೆಗಳನ್ನು ಚೀಲಕ್ಕೆ ತುಂಬಿ, "ನಾನು ಊರ್ಗೆ ಹೊಂಟೋಯ್ತೀನಿ ಕಣ್ಲಾ" ಎಂದಳು. ಆಗ ನನಗೆ ನಿಜವಾಗಿ ಭಯವಾಯಿತು.

ನನ್ನ ಸಂಕಟ ನೋಡಿದ ಸಹೋದ್ಯೋಗಿಯೊಬ್ಬ ಜಿಗ್‌ಸಾ ಪಜಲ್ ತೆಗೆದುಕೊಂಡು ಹೋಗು ಎಂದ. ಚೂರು ಚೂರಾದ ಚಿತ್ರವನ್ನು ಎಲ್ಲರೂ ಒಟ್ಟಿಗೆ ಕೂತು ಜೋಡಿಸುವುದು, ಅವನ ಮನೆಯಲ್ಲಿ ಅದರಿಂದ ಟೀವಿಯೇ ನಿಂತುಹೋಗಿದೆಯಂತೆ. ಸರಿ, ಒಂದು ಭಾನುವಾರ ಹೊರಟೆ. ನನ್ನ ಬೇಡಿಕೆ ಏನು ಮಹಾ ಇರಲಿಲ್ಲ. ಬೆಲೆ ಕೈಗೆ ಎಟುಕಬೇಕು, ಹೊಸಬರಿಗೆ ಆಗುವಂತಿರಬೇಕು, ಎಂಟು ವರ್ಷದವಳಿಗೂ ಅರವತ್ತೈದರವಳಿಗೂ ಸೇರಬೇಕು. ರಾಮನಗರದ ಮೊದಲ ಅಂಗಡಿಯಲ್ಲಿ ತೋರಿಸಿದ ಡಬ್ಬಿಯಲ್ಲಿ ಸಾವಿರ ಚೂರು. ಅದರ ಬೆಲೆಗೆ ಮಗಳಿಗೆ ವರ್ಷದ ಬೂಟು, ಚೀಲ ಎರಡೂ ಬರುತ್ತಿದ್ದವು. "ಇದಕ್ಕಿಂತ ಸುಲಭದ್ದು ಇಲ್ಲವೇ?" ಎಂದದ್ದಕ್ಕೆ ಒಂದು ಮಾವಿನಹಣ್ಣಿನ ಚಿತ್ರ ಕೊಟ್ಟರು. ನಾಲ್ಕು ಚೂರು. ಸಾವಿರಕ್ಕೂ ನಾಲ್ಕಕ್ಕೂ ನಡುವೆ ಈ ದೇಶದಲ್ಲಿ ಯಾರೂ ಬದುಕುವುದೇ ಇಲ್ಲವೇನು? ಒಂದೋ ನಾವು ಮಹಾಮೇಧಾವಿಗಳಾಗಿರಬೇಕು, ಇಲ್ಲ ಜೊಲ್ಲು ಸುರಿಸುವ ಕೂಸುಗಳಾಗಿರಬೇಕು. ಎರಡನೆಯ ಅಂಗಡಿಯಲ್ಲಿ ಡಬ್ಬಿಯ ಮೇಲೆ "ಏಳರಿಂದ ಎಪ್ಪತ್ತು ವರ್ಷದವರಿಗೆ" ಎಂದು ಬರೆದಿತ್ತು. ಎಪ್ಪತ್ತೊಂದಾದವರು ಏನು ಮಾಡಬೇಕು ಎಂದು ನಾನು ಕೇಳಿದ್ದಕ್ಕೆ ಅಂಗಡಿಯವರು ಬೇರೆ ಗಿರಾಕಿಯ ಕಡೆ ತಿರುಗಿಕೊಂಡರು.

ಸಿಟ್ಟಿನಲ್ಲೇ ಚನ್ನಪಟ್ಟಣದ ಬಸ್ಸು ಹತ್ತಿದೆ. ಬೊಂಬೆಗೇ ಹೆಸರಾದ ಊರು, ಅಲ್ಲಿ ಸಿಗದಿದ್ದರೆ ಇನ್ನೆಲ್ಲಿ ಸಿಗಬೇಕು? ಅಲ್ಲಿ ನೋಡಿದರೆ, ಅರಗಿನ ಬಣ್ಣದ ಮರದ ಬುಗುರಿ, ಗಿಲಕಿಗಳನ್ನು ಹಿಂದಕ್ಕೆ ತಳ್ಳಿ, ಮುಂದಿನ ಸಾಲಿನಲ್ಲಿ ಕೀ ಕೊಟ್ಟರೆ ಕಿರುಚುವ ಪ್ಲಾಸ್ಟಿಕ್ ಕೋತಿಗಳು ಕೂತಿದ್ದವು. ಅವುಗಳ ತಳದಲ್ಲಿ ಹೊರದೇಶದ ಮುದ್ರೆ. ನನಗೆ ಇನ್ನಷ್ಟು ಉರಿಯಿತು. ಆ ಉರಿಯಲ್ಲಿ ಒಂದು ಸಣ್ಣ ಅಂಗಡಿ ಹೊಕ್ಕೆ. ಬಿಳಿ ಗಡ್ಡದ, ಮೆದು ಮಾತಿನ ಸಾಹೇಬರೊಬ್ಬರು ಕೂತಿದ್ದರು. ನನ್ನ ಮನೆಯ ವಿವರ ಎಲ್ಲ ತಾಳ್ಮೆಯಿಂದ ಕೇಳಿ, ನೂರು ಚೂರಿನ ಒಂದು ಡಬ್ಬಿ ಇಳಿಸಿದರು. ಸಂತೆಯ ಚಿತ್ರ. ಟೊಮೇಟೊ, ಬದನೆ, ಛತ್ರಿ, ಎಮ್ಮೆ, ಎಲ್ಲಕ್ಕೂ ಬೇರೆ ಬೇರೆ ಬಣ್ಣ. "ಮೊದಲ್ನೇ ಸಲ ಮಾಡೋರ್ಗೆ ಇದು ಚಲೋ ಸಾರ್. ಚೂರೂ ದಪ್ಪ ಐತೆ. ಬಣ್ಣ ನೋಡಿ ಕೂಡಿಸ್ಬೋದು" ಎಂದರು. ಡಬ್ಬಿಯ ಮೂಲೆ ಒಂದಿಷ್ಟು ಮಾಸಿತ್ತು. ಹಳೆಯ ಸ್ಟಾಕು ನನ್ನ ತಲೆಗೆ ಕಟ್ಟುತ್ತಿದ್ದಾರೆ ಎಂದು ನನ್ನೊಳಗಿನ ಸ್ಟೋರಿನವನು ತಕ್ಷಣ ಕಂಡುಹಿಡಿದ. ಪಕ್ಕದಲ್ಲೇ, ಅದಕ್ಕಿಂತ ಒಂದಿಷ್ಟೇ ಹೆಚ್ಚಿನ ಬೆಲೆಗೆ ಐನೂರು ಚೂರಿನದು ಇತ್ತು. ಕೆಳಗೆ ಒಂದು ಕೆರೆ, ನಡುವೆ ಒಂದು ಕೋಟೆ, ಮೇಲೆಲ್ಲ ಬರೀ ಆಕಾಶ. ಚೂರಿಗೆ ಎಷ್ಟು ಬೀಳುತ್ತದೆ ಎಂದು ಮನಸ್ಸಿನಲ್ಲೇ ಭಾಗಿಸಿದೆ. ಲಾಭವೋ ಲಾಭ. "ಅದು ಕಷ್ಟ ಸಾರ್, ಆಕಾಶ ಜಾಸ್ತಿ ಐತೆ" ಎಂದರು ಸಾಹೇಬರು. ಆಕಾಶದಲ್ಲಿ ಏನು ಕಷ್ಟ, ಅಲ್ಲಿ ಏನೂ ಇಲ್ಲವಲ್ಲ ಎಂದು ನಾನು ಅದನ್ನೇ ಕಟ್ಟಿಸಿಕೊಂಡೆ.

ಏನೂ ಇಲ್ಲದಿರುವುದೇ ಕಷ್ಟ ಎಂದು ಊಟದ ಮೇಜಿನ ಮೇಲೆ ಡಬ್ಬಿ ಸುರಿದ ಮೇಲೆ ತಿಳಿಯಿತು. ಕೆರೆ, ಕೋಟೆಗಳನ್ನು ನಂದಿನಿಯೂ ಸುಮಿತ್ರಳೂ ಮೂರು ದಿನದಲ್ಲಿ ಮುಗಿಸಿದರು. ಉಳಿದದ್ದು ಮುನ್ನೂರಕ್ಕೂ ಹೆಚ್ಚು ನೀಲಿ ಚೂರು, ಒಂದಕ್ಕೊಂದು ಅವಳಿ ಜವಳಿ. ನಾನು ಒಂದೆರಡನ್ನು ಹೆಬ್ಬೆರಳಿನಿಂದ ಒತ್ತಿ ಕೂರಿಸಲು ನೋಡಿದೆ. "ಅಪ್ಪ, ನೀನು ಮುಟ್ಟಬೇಡ" ಎಂದು ಮಗಳು ನನ್ನ ಕುರ್ಚಿಯನ್ನೇ ಹಿಂದಕ್ಕೆ ತಳ್ಳಿದಳು. ಸುಮಿತ್ರ ಕೈಚೆಲ್ಲಿ ಕೂತಾಗ, ಅಲ್ಲಿಯವರೆಗೆ ಗೋಡೆಗೆ ಒರಗಿ ನೋಡುತ್ತಿದ್ದ ಅವ್ವ ಮೆಲ್ಲಗೆ ಎದ್ದು ಬಂದಳು. ಅವಳು ನಲವತ್ತು ವರ್ಷ ರೇಷ್ಮೆಹುಳು ಸಾಕಿದವಳು. ತಟ್ಟೆಯ ತುಂಬ ಹರಿದಾಡುವ ಹುಳುಗಳಲ್ಲಿ ಯಾವುದು ಹಣ್ಣಾಗಿ ಗೂಡು ಕಟ್ಟಲು ಸಿದ್ಧವಾಗಿದೆ, ಯಾವುದಕ್ಕೆ ಇನ್ನೊಂದು ಹೊತ್ತಿನ ಸೊಪ್ಪು ಬೇಕು ಎಂದು ಮೈಬಣ್ಣದ ಹೊಳಪು ನೋಡಿಯೇ ಆರಿಸುತ್ತಿದ್ದ ಕಣ್ಣು ಅದು. ಚೂರುಗಳನ್ನು ಕಿಟಕಿಯ ಬೆಳಕಿಗೆ ಹಿಡಿದು ಏಳು ಗುಡ್ಡೆ ಮಾಡಿದಳು. ನನಗೆ ಏಳೂ ಒಂದೇ ನೀಲಿ. "ಇದು ಬೆಳಿಗ್ಗೆ ಆಕಾಸ, ಇದು ಒಸಿ ಮಬ್ಬು, ಇದು ಕ್ವಾಟೆ ಮಗ್ಗುಲ್ದು" ಎಂದಳು. ಯಾರಿಗೆ ಹೇಳಿದ್ದು ಎಂದು ಗೊತ್ತಾಗಲಿಲ್ಲ. ಸುಮಿತ್ರ ಆ ಕೋಟೆ ಮಗ್ಗುಲಿನ ಗುಡ್ಡೆಯಿಂದ ಒಂದು ಚೂರು ತೆಗೆದು ಇಟ್ಟಳು. ಸರಿಯಾಗಿ ಕೂತಿತು. "ಅತ್ತೆ, ಇದು ಹೆಂಗೆ ಗೊತ್ತಾಯ್ತು ನಿಮಗೆ?" ಎಂದು ಅವಳ ಬಾಯಿಂದ ಬಂದೇಬಿಟ್ಟಿತು. ಅವ್ವ ಒಂದು ಕ್ಷಣ ನನ್ನ ಕಡೆ ನೋಡಿದಳು, ಅಂಚೆಯವನಿಗೆ ಹೇಳಬೇಕೋ ಬೇಡವೋ ಎಂಬಂತೆ. ಆಮೇಲೆ ಸೊಸೆಯ ಕಡೆ ತಿರುಗಿ, "ಬಾ ಇಲ್ಲಿ, ತೋರಿಸ್ತೀನಿ ಕಣವ್ವ" ಎಂದಳು. ನಾನು ಅಡುಗೆಮನೆಗೆ ಹೋಗಿ ಸುಮ್ಮನೆ ಎರಡು ಲೋಟ ನೀರು ಕುಡಿದೆ.

ಹತ್ತು ದಿನ ಏಳು ಗಂಟೆಯ ಧಾರಾವಾಹಿಗಳಲ್ಲಿ ಯಾರು ಯಾರಿಗೆ ವಿಷ ಹಾಕಿದರೋ ನಮ್ಮ ಮನೆಗೆ ತಿಳಿಯಲಿಲ್ಲ. ಹನ್ನೊಂದನೆಯ ದಿನ ಆಕಾಶ ಮುಗಿಯಿತು. ಮುಗಿಯಿತು ಅನ್ನುವ ಹಾಗೂ ಇಲ್ಲ. ಕೋಟೆಯ ಬಲಕ್ಕೆ, ಸರಿಯಾಗಿ ಕಣ್ಣು ಕುಕ್ಕುವ ಜಾಗದಲ್ಲಿ, ಒಂದು ಚೂರಿನ ತೂತು. ಡಬ್ಬಿ ಬಡಿದರು, ಚಾಪೆ ಒದರಿದರು, ಸೋಫಾದ ಸಂದಿಯಲ್ಲಿ ಕೈಹಾಕಿದರು. ಸಿಗಲಿಲ್ಲ. ನಂದಿನಿ ಅತ್ತಳು. ಅವ್ವ "ಒಂದು ತೂತಿದ್ರೆ ಏನಾಯ್ತದೆ, ಬುಡು ಮಗ" ಎಂದಳಾದರೂ ಅವಳ ಕಣ್ಣು ಆ ತೂತಿನಲ್ಲೇ ನೆಟ್ಟಿತ್ತು. ನನಗೆ ಮಾತ್ರ, ತಪ್ಪು ತಿಳಿಯಬೇಡಿ, ಒಳಗೊಳಗೇ ಒಂದು ತೃಪ್ತಿ. ಹತ್ತು ದಿನದಿಂದ ಕುರ್ಚಿ ಹಿಂದೆ ಹಾಕಿಕೊಂಡು ಕೂತಿದ್ದವನಿಗೆ ಕೊನೆಗೂ ಒಂದು ಕೆಲಸ ಸಿಕ್ಕಿತ್ತು.

ಆಮೇಲಿನ ಭಾನುವಾರ ರಜೆಯಿದ್ದರೂ ಕಾರ್ಖಾನೆಯ ಗುರುತಿನ ಚೀಟಿಯನ್ನು ಕೊರಳಿಗೆ ಹಾಕಿಕೊಂಡು ಚನ್ನಪಟ್ಟಣಕ್ಕೆ ಹೋದೆ. ಅಂಗಡಿಯಲ್ಲಿ ನಾಲ್ಕು ಜನ ಗಿರಾಕಿಗಳಿದ್ದದ್ದು ನನಗೆ ಇನ್ನೂ ಅನುಕೂಲವಾಯಿತು. "ಡಬ್ಬಿ ಮೇಲೆ ಐನೂರು, ಒಳಗೆ ನಾನೂರ ತೊಂಬತ್ತೊಂಬತ್ತು! ನಾನೇ ಎಣಿಸಿದ್ದೇನೆ. ಎಣಿಸುವುದೇ ನನ್ನ ಉದ್ಯೋಗ. ಒಂದು ಮಗು ಅಲ್ಲಿ ಅಳುತ್ತಾ ಕೂತಿದೆ, ಅರವತ್ತೈದು ವರ್ಷದ ಹೆಂಗಸು ಊಟ ಬಿಟ್ಟಿದ್ದಾಳೆ" ಎಂದೆ. ಅವ್ವ ಆ ಬೆಳಿಗ್ಗೆ ಆರು ಇಡ್ಲಿ ತಿಂದಿದ್ದಳು. ಆದರೆ ಮಾತು ಓಡುವಾಗ ಯಾರು ಹಿಡಿಯುತ್ತಾರೆ? ವ್ಯಾಪಾರದ ನೀತಿ, ಬಡವರ ಕಷ್ಟ, ಚನ್ನಪಟ್ಟಣದ ಮಾನ, ಪ್ಲಾಸ್ಟಿಕ್ ಕೋತಿ, ಎಲ್ಲವನ್ನೂ ಸಾಹೇಬರ ತಲೆಗೆ ಕಟ್ಟಿದೆ. ಅವರ ಮುಖ ಕೆಂಪಾಯಿತು. ಎದ್ದು, ಅದೇ ಚಿತ್ರದ ಹೊಸ ಡಬ್ಬಿಯೊಂದನ್ನು ತೆಗೆದು ನನ್ನ ಕೈಗಿಟ್ಟು, "ತಪ್ಪಾಯ್ತು ಸಾರ್. ಮಗು ಅಳಬಾರ್ದು, ತಗೊಂಡ್ ಹೋಗಿ" ಎಂದರು. ಹಣ ಮುಟ್ಟಲಿಲ್ಲ. ಬಂದಿದ್ದ ಇಬ್ಬರು ಗಿರಾಕಿಗಳು ಏನೂ ಕೊಳ್ಳದೆ ಹೊರಟುಹೋದರು. ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತು ನಾನು ಗೆದ್ದವನ ಹಾಗೆ ಗಾಳಿ ತಿಂದೆ.

ಹೊಸ ಡಬ್ಬಿಯಿಂದ ಆ ಒಂದು ಚೂರನ್ನು ಅವ್ವ ಕಾಲು ಗಂಟೆಯಲ್ಲಿ ಆರಿಸಿ ಕೊಟ್ಟಳು. ತೂತು ಮುಚ್ಚಿತು. ಮನೆಯವರೆಲ್ಲ ಚಪ್ಪಾಳೆ ತಟ್ಟಿದರು, ನನಗೂ ಸೇರಿಸಿ. ಎರಡು ದಿನ ಹೀಗೆ ಮೆರೆದೆ. ಮೂರನೆಯ ದಿನ ಬೆಳಿಗ್ಗೆ ಸುಮಿತ್ರ ಗುಡಿಸಲೆಂದು ಊಟದ ಮೇಜನ್ನು ಪಕ್ಕಕ್ಕೆ ಎಳೆದಳು. ಕಾಲಿನ ಕೆಳಗಿಂದ ಬೂದು ಬಣ್ಣದ ಒಂದು ರಟ್ಟಿನ ತುಂಡು ಹೊರಬಂತು. ತಿರುಗಿಸಿದಳು. ನೀಲಿ. "ಇದನ್ನ ಇಲ್ಲಿ ಇಟ್ಟೋರ್ಯಾರು?" ಎಂದಳು. ನಾನು ಸ್ವಲ್ಪ ಹೊತ್ತು ಪೇಪರ್ ಓದಿದೆ. ಆದರೆ ನೆನಪು ಬಂದುಬಿಟ್ಟಿತ್ತು. ಮೊದಲ ದಿನ ಡಬ್ಬಿ ಸುರಿದಾಗ ಮೇಜು ಅಲುಗಾಡುತ್ತಿತ್ತು. ನೆಲದ ಮೇಲೆ ಬೋರಲಾಗಿ ಬಿದ್ದಿದ್ದ ತುಂಡೊಂದನ್ನು ಡಬ್ಬಿಯ ರಟ್ಟು ಎಂದುಕೊಂಡು ಕಾಲಿನ ಕೆಳಗೆ ತುರುಕಿದ್ದು ನಾನೇ. ಸಣ್ಣ ರಿಪೇರಿಗಳನ್ನೆಲ್ಲ ಯಾರಿಗೂ ಹೇಳದೆ ಮಾಡಿ ಮುಗಿಸುವ ನನ್ನ ಗುಣವನ್ನು ಆ ದಿನ ನಾನೇ ಮೆಚ್ಚಿಕೊಂಡಿದ್ದೆ.

ಹೇಳಿದೆ. ಹೇಳದೆ ಗತಿಯಿರಲಿಲ್ಲ, ಮೂವರೂ ಎದುರಿಗೆ ನಿಂತಿದ್ದರು. ಸುಮಿತ್ರ ನಕ್ಕಳು. ಅವ್ವ ನಗಲಿಲ್ಲ. "ಅಲ್ಲ ಕಣ್ಲಾ, ಆ ಮನ್ಸ ಏನ್ ತಪ್ ಮಾಡಿದ್ದ? ನಾಕ್ ಜನರ ಮುಂದೆ ಬೈದ್ಬುಟ್ಟು ಬಂದೆ ಅಂದ್ಯಲ್ಲ. ಹೋಗಿ ಅವನ್ಗೆ ಹೇಳ್ಬುಟ್ಟು, ದುಡ್ಡು ಕೊಟ್ಟು ಬಾ" ಎಂದಳು. "ಅತ್ತೆ ಹೇಳೋದು ಸರಿ ರೀ" ಎಂದಳು ಸುಮಿತ್ರ. ತಿಂಗಳ ಹಿಂದೆ ಈ ಮಾತು ಕೇಳಿದ್ದರೆ ನಾನು ಊರಿಗೆಲ್ಲ ಸಕ್ಕರೆ ಹಂಚುತ್ತಿದ್ದೆ.

ಮುಂದಿನ ಭಾನುವಾರ ಗುರುತಿನ ಚೀಟಿ ಇಲ್ಲದೆ ಹೋದೆ. ಬಸ್ಸಿನಲ್ಲಿ ಹೇಳಬೇಕಾದ ಮಾತನ್ನು ನಾಲ್ಕು ಸಲ ಕಟ್ಟಿದೆ, ನಾಲ್ಕು ಸಲ ಬಿಚ್ಚಿದೆ. ಸಾಹೇಬರು ನನ್ನನ್ನು ಕಂಡವರೇ ಎದ್ದುನಿಂತರು. "ಸಾಹೇಬರೇ, ಆ ದಿನ ಏನಾಯಿತು ಅಂದರೆ..." ಎಂದೆ. ಅವರು ನನ್ನ ಕೈ ಹಿಡಿದು ಕುರ್ಚಿಯಲ್ಲಿ ಕೂರಿಸಿದರು. "ನೀವು ಬೈದಿದ್ದೇ ಒಳ್ಳೇದಾಯ್ತು ಸಾರ್. ನಂಗೂ ಅನುಮಾನ ಇತ್ತು. ಹೋಲ್‌ಸೇಲಿನೋರು ಬಂದಿದ್ರು, ಅವರ ಮುಂದೇನೇ ಇನ್ನೆರಡು ಡಬ್ಬಿ ಒಡ್ದು ಎಣಿಸ್ದೆ. ಒಂದ್ರಲ್ಲಿ ನಾಕು ಕಮ್ಮಿ, ಒಂದ್ರಲ್ಲಿ ಆರು ಕಮ್ಮಿ! ಎಲ್ಲಾ ವಾಪಸ್ ತಗೊಂಡ್ರು. ಇಷ್ಟ್ ದಿನ ಯಾರೂ ಎಣಿಸೇ ಇರ್ಲಿಲ್ಲ. ನಿಮ್ಮಂಥೋರು ಇರ್ಬೇಕು ಸಾರ್" ಎಂದರು.

ಹಾಗಾದರೆ ನಾನೂರ ತೊಂಬತ್ತೊಂಬತ್ತಕ್ಕೆ ಒಂದು ಸೇರಿದರೆ ಸರಿಯಾಗಿ ಐನೂರಾಗುತ್ತಿದ್ದ ಡಬ್ಬಿ ಬಹುಶಃ ನನಗೆ ಸಿಕ್ಕದ್ದೊಂದೇ. ಮೇಜಿನ ಕಾಲಿನ ಕೆಳಗೆ ಸಿಕ್ಕ ಚೂರಿನ ಮಾತನ್ನು ನಾನು ಎತ್ತಲೇ ಇಲ್ಲ. ಜೇಬಿನಿಂದ ಹಣ ತೆಗೆದು, "ಆ ಎರಡನೇ ಡಬ್ಬಿಗೆ ಇದು. ಮಗಳು ಅದನ್ನೂ ಇಟ್ಟುಕೊಂಡಿದ್ದಾಳೆ" ಎಂದಷ್ಟೇ ಹೇಳಿದೆ. ಸಾಹೇಬರು ಎಷ್ಟು ಬೇಡ ಅಂದರೂ ಕೇಳದೆ ಮೇಜಿನ ಮೇಲಿಟ್ಟೆ. ಅವರು ಅಂಗಡಿಗೆ ಬಂದ ದಂಪತಿಗೆ ನನ್ನನ್ನು ತೋರಿಸಿ, "ಭಾಳ ನಿಯತ್ತಿನ ಮನುಷ್ಯರು" ಎಂದರು. ಎದುರು ಹೋಟೆಲಿನಿಂದ ಕಾಫಿ ತರಿಸಿಕೊಟ್ಟರು. ಕಾಫಿ ತಣ್ಣಗಿತ್ತು, ಸಕ್ಕರೆ ಕಡಿಮೆಯಿತ್ತು, ಮೇಲೆ ಕೆನೆ ಕಟ್ಟಿತ್ತು. ಹುಟ್ಟಿದ ಮೇಲೆ ಮೊದಲ ಸಲ, ಒಂದು ಮಾತೂ ಆಡದೆ ಲೋಟ ಖಾಲಿ ಮಾಡಿದೆ.