ಬೂಷ್ಟಿನ ಸಂಸಾರಕ್ಕೆ ನಾಲ್ಕು ಪದ

ಶಿಲೀಂಧ್ರಗಳು ಯಾವ ಇಲಾಖೆಯ ಅನುಮತಿಯನ್ನೂ ಪಡೆಯದೆ ಕೋಟ್ಯಂತರ ವರ್ಷಗಳಿಂದ ಲೈಂಗಿಕವಾಗಿ ಸಂತಾನೋತ್ಪತ್ತಿ ಮಾಡಿಕೊಂಡು ಬಂದಿವೆ ಎಂಬ ಸಂಗತಿ ಪಾರಿಭಾಷಿಕ ಪದ ಮಂಡಳಿಯ ಗಮನಕ್ಕೆ ಬಂದದ್ದು, ಒಂಬತ್ತನೇ ತರಗತಿಯ ಜೀವಶಾಸ್ತ್ರ ಪುಸ್ತಕ ಅಚ್ಚಿಗೆ ಹೋಗಲು ಸಿದ್ಧವಾಗಿದ್ದಾಗ. ಮಂಡಳಿ ಇದನ್ನು ಗಂಭೀರವಾಗಿ ಪರಿಗಣಿಸಿತು. ಆಗಿಹೋದದ್ದಕ್ಕೆ ಏನೂ ಮಾಡುವಂತಿರಲಿಲ್ಲ. ಇನ್ನು ಮುಂದಾದರೂ ಬ್ರೆಡ್ಡಿನ ಮೇಲಿನ ಬೂಷ್ಟು, ಮರದ ಬುಡದ ಅಣಬೆ ಇತ್ಯಾದಿಗಳು ಅಧಿಕೃತ ಪದಗಳಲ್ಲೇ ಸಂಸಾರ ಮಾಡತಕ್ಕದ್ದು ಎಂದು ನಿರ್ಣಯಿಸಲಾಯಿತು.

ಇದಕ್ಕಾಗಿ ಆ ಪಾಠವನ್ನು ಬರೆದಿದ್ದ ಶಾಲಾ ಶಿಕ್ಷಕಿಯನ್ನೇ ನಿಯೋಜನೆಯ ಮೇಲೆ ಕರೆಸಿಕೊಂಡರು. ಮಕ್ಕಳು ಅವರನ್ನು ಅಣಬೆ ಮೇಡಂ ಎನ್ನುತ್ತಿದ್ದರು. ಮಂಡಳಿಯಲ್ಲೂ ಆ ಹೆಸರೇ ನಿಂತಿತು. ಊರಿನಲ್ಲಿ ಅವರಿಗೆ ಕನ್ನಡಕದ ಅಂಗಡಿ ಇಟ್ಟಿದ್ದ ಗಂಡನೂ, ಅವರದೇ ಶಾಲೆಯಲ್ಲಿ ಒಂಬತ್ತನೇ ತರಗತಿ ಓದುವ ಮಗಳೂ ಇದ್ದರು. ಪಾಠದಲ್ಲಿ ಇತ್ಯರ್ಥವಾಗಬೇಕಿದ್ದ ಪದಗಳು ನಾಲ್ಕು. ನಾಲ್ಕೂ ಇತ್ಯರ್ಥವಾದ ಕೂಡಲೇ ಬಿಡುಗಡೆ ಎಂದು ಆದೇಶದಲ್ಲಿತ್ತು. ನಾಲ್ಕು ಪದ ತಾನೇ ಎಂದುಕೊಂಡು ಮೇಡಂ ಎರಡು ಜೊತೆ ಬಟ್ಟೆಯೊಂದಿಗೆ ಬಸ್ಸು ಹತ್ತಿದ್ದರು.

ಮೊದಲನೆಯ ಪದ ಕೂಡುವ ಎರಡು ತಳಿಗಳ ಹೆಸರಿಗೆ ಸಂಬಂಧಿಸಿದ್ದು. ಮಂಡಳಿಯ ಮುಖ್ಯಸ್ಥರು, ಅಂದರೆ ವಿಜ್ಞಾನದ ಸಾಹೇಬರು, ಕನ್ನಡಕ ಹಣೆಗೇರಿಸಿ ಕೇಳಿದರು: "ಇದರಲ್ಲಿ ಗಂಡು ಯಾವುದಮ್ಮ, ಹೆಣ್ಣು ಯಾವುದು?"

"ಇವುಗಳಲ್ಲಿ ಗಂಡು ಹೆಣ್ಣು ಅಂತ ಇಲ್ಲ ಸಾರ್. ನೋಡೋಕೆ ಎರಡೂ ಒಂದೇ ಥರ ಇರ್ತವೆ. ಒಂದು ಧನ ತಳಿ, ಇನ್ನೊಂದು ಋಣ ತಳಿ ಅಂತ ಗುರುತಿಸ್ತೀವಿ. ಒಂದರ ವಾಸನೆ ಹಿಡ್ಕೊಂಡು ಇನ್ನೊಂದು ಅದರ ಕಡೆಗೇ ಬೆಳೆಯುತ್ತೆ."

"ಅಂದ್ರೆ ಧನ ಹೋಗಿ ಋಣದ ಜೊತೆ ಸೇರುತ್ತೆ."

"ಹೌದು ಸಾರ್."

"ಹಾಗಾದ್ರೆ ಇದು ಹಣಕಾಸು ಇಲಾಖೆ ವಿಷಯ ಆಯ್ತಲ್ಲ."

ಕಡತ ಹಣಕಾಸು ಇಲಾಖೆಗೆ ಹೋಯಿತು. ಧನ ತಳಿಯ ಬಗ್ಗೆ ತಮ್ಮ ಆಕ್ಷೇಪಣೆ ಇಲ್ಲವೆಂದೂ, ಋಣ ತಳಿಯನ್ನು ಪ್ರಸಕ್ತ ಸಾಲಿನಲ್ಲಿ ಪ್ರೋತ್ಸಾಹಿಸಲಾಗದೆಂದೂ, ಅನಿವಾರ್ಯವಾದಲ್ಲಿ ಧನ ತಳಿಗಳು ಧನ ತಳಿಗಳೊಂದಿಗೇ ಕೂಡಿಕೊಳ್ಳತಕ್ಕದ್ದೆಂದೂ ಅಲ್ಲಿಂದ ಉತ್ತರ ಬಂತು. ಒಂದೇ ತಳಿಯವು ಪರಸ್ಪರ ಕೂಡುವುದಿಲ್ಲ ಎಂದು ಮೇಡಂ ವಿವರಣೆ ಬರೆದು ಕಳಿಸಿದರು. 'ಒಳ್ಳೆಯದೇ ಆಯಿತು, ಉಳಿತಾಯ' ಎಂದು ಷರಾ ಬಿತ್ತು. ಕೊನೆಗೆ, ಸಂಬಂಧ ನೋಡಲು ಹೋದಾಗ ಜನ ಹೇಳುವಂತೆ, ಒಂದನ್ನು 'ಈ ಕಡೆಯದು', ಇನ್ನೊಂದನ್ನು 'ಆ ಕಡೆಯದು' ಎಂದು ಕರೆಯಲು ಎಲ್ಲರೂ ಒಪ್ಪಿದರು. ಯಾವುದು ಯಾವ ಕಡೆಯದು ಎಂಬುದು ನೋಡುವವರು ನಿಂತ ಜಾಗವನ್ನು ಅವಲಂಬಿಸಿರುತ್ತದೆ ಎಂಬ ಅಡಿಟಿಪ್ಪಣಿಯೂ ಸೇರಿತು.

ಎರಡನೆಯ ಪದಕ್ಕೆ ಬಂದಾಗ ನಿಜವಾದ ಕಷ್ಟ ಶುರುವಾಯಿತು. ಎರಡು ತಳಿಗಳ ಎಳೆಗಳು ತಾಗಿದಾಗ ನಡುವಿನ ಗೋಡೆ ಕರಗಿ ಒಳಗಿನ ಕೋಶರಸ ಒಂದಾಗುತ್ತದೆ. ಇದಕ್ಕೆ ವಿಜ್ಞಾನದ ಸಾಹೇಬರು 'ಕೋಶರಸ ಮಿಲನ' ಎಂದು ಸೂಚಿಸಿದರು. ನಿಯಮದ ಪ್ರಕಾರ ಅದಕ್ಕೆ ಭಾಷಾ ಶುದ್ಧಿ ಮಂಡಳಿಯ ಒಪ್ಪಿಗೆ ಬೇಕಿತ್ತು. ಆ ಮಂಡಳಿ ಇದ್ದದ್ದು ಪಕ್ಕದ ಕೋಣೆಯಲ್ಲೇ. ನಡುವೆ ಒಂದೇ ಗೋಡೆ. ಇವರು ಸೀನಿದರೆ ಅವರು ಕರವಸ್ತ್ರ ತೆಗೆಯುವಷ್ಟು ತೆಳ್ಳಗಿನದು. ಆದರೆ ಕಡತ ಮಾತ್ರ ನಾಲ್ಕು ಮಹಡಿ ಇಳಿದು, ಊರಿನ ಆಚೆ ತುದಿಯ ಕೇಂದ್ರ ರವಾನೆ ಶಾಖೆಗೆ ಹೋಗಿ, ಅಲ್ಲಿ ಮುದ್ರೆ ಒತ್ತಿಸಿಕೊಂಡು, ಮತ್ತೆ ನಾಲ್ಕು ಮಹಡಿ ಹತ್ತಿ ಪಕ್ಕದ ಕೋಣೆ ಸೇರಬೇಕಿತ್ತು.

ಅಲ್ಲಿನ ಮುಖ್ಯಸ್ಥರು, ಭಾಷೆಯ ಸಾಹೇಬರು, ಮೂಗು ಮುರಿದರು. 'ಮಿಲನ' ಸಿನಿಮಾದ ಹೆಸರಿನಂತಿದೆ ಎಂದು ಬರೆದರು. 'ಸಂಯೋಗ' ಒಂಬತ್ತನೇ ತರಗತಿಗೆ ಹೆಚ್ಚಾಯಿತು. 'ಸಮಾಗಮ' ಬೂಷ್ಟಿಗೆ ಹೆಚ್ಚಾಯಿತು. 'ಬೆರಕೆ' ಎಂದರೆ ಶಿಲೀಂಧ್ರದ ಮನೆತನಕ್ಕೆ ಅವಮಾನ. ಪ್ರತಿಯೊಂದು ಆಕ್ಷೇಪಣೆಯೂ ಊರು ಸುತ್ತಿಕೊಂಡು ಬರುತ್ತಿತ್ತು. ಬರೆಯುವಾಗ ಭಾಷೆಯ ಸಾಹೇಬರು ಗಟ್ಟಿಯಾಗಿ ಓದಿಕೊಳ್ಳುತ್ತಿದ್ದುದರಿಂದ ಈಚೆ ಕೋಣೆಯವರಿಗೆ ಎಲ್ಲವೂ ಆಗಲೇ ಗೊತ್ತಿರುತ್ತಿತ್ತು. ಆದರೂ ಅಧಿಕೃತವಾಗಿ ಗೊತ್ತಾಗುವವರೆಗೆ ಕಾಯುವುದು ಪದ್ಧತಿ.

ಮೇಡಂ ಸಂಜೆ ತಾವು ಉಳಿದುಕೊಂಡಿದ್ದ ಹಾಸ್ಟೆಲಿನ ಮೆಟ್ಟಿಲ ಮೇಲೆ ಕೂತು ಮನೆಗೆ ಫೋನು ಮಾಡುತ್ತಿದ್ದರು.

"ಯಾವಾಗ ಬರ್ತೀಯಮ್ಮಾ?" ಮಗಳು ಕೇಳುತ್ತಿದ್ದಳು.

"ಇನ್ನೂ ಗೋಡೆ ಹತ್ರಾನೇ ಇದೀವಿ ಪುಟ್ಟಾ."

"ಅಪ್ಪ ಮಾಡಿದ ಸಾರು ದಿನಾ ಒಂದೇ ರುಚಿ ಇರುತ್ತೆ."

"ಅದು ನಿನ್ನೆಯದೇ ಸಾರು," ಎಂದು ಹಿಂದಿನಿಂದ ಗಂಡನ ದನಿ ಕೇಳುತ್ತಿತ್ತು.

ಪುಸ್ತಕ ತಡವಾಗುತ್ತಿರುವುದು ಕೊನೆಗೆ ಸರ್ಕಾರಕ್ಕೆ ತಿಳಿಯಿತು. ಸರ್ಕಾರ ಚುರುಕಾಗಿ ಕೆಲಸ ಮಾಡಿತು: ಪದವನ್ನು ಬಿಟ್ಟು ಮಂಡಳಿಗಳನ್ನು ಇತ್ಯರ್ಥಗೊಳಿಸಿತು. ಎರಡೂ ಮಂಡಳಿಗಳನ್ನು ವಿಲೀನಗೊಳಿಸಲಾಗಿದೆ ಎಂಬ ಆದೇಶ ಬಂದ ಮರುದಿನವೇ ಗಾರೆ ಕೆಲಸದವರು ಸುತ್ತಿಗೆ ಹಿಡಿದು ಬಂದು ನಡುವಿನ ಗೋಡೆ ಒಡೆದರು. ಧೂಳು ಇಳಿದ ಮೇಲೆ ನೋಡಿದರೆ ಬೀರುಗಳು, ಗುಮಾಸ್ತರು, ಚಹಾ ಕಾಸುವ ಕೆಟಲು, ಎಲ್ಲ ಬೆರೆತು ಒಂದಾಗಿದ್ದವು. 'ವಿಲೀನ' ಸರ್ಕಾರವೇ ಬಳಸಿದ ಪದವಾದ್ದರಿಂದ ಯಾರೂ ಉಸಿರೆತ್ತುವಂತಿರಲಿಲ್ಲ. 'ಕೋಶರಸ ವಿಲೀನ' ಎಂದು ಎರಡನೆಯ ಪದ ಅಲ್ಲೇ ಇತ್ಯರ್ಥವಾಯಿತು.

ಒಂದಾಗದೆ ಉಳಿದದ್ದು ಇಬ್ಬರು ಸಾಹೇಬರು ಮಾತ್ರ. ಮುಖ್ಯಸ್ಥರ ಬಗ್ಗೆ ಪ್ರತ್ಯೇಕ ಆದೇಶ ಹೊರಡಿಸಲಾಗುವುದು ಎಂದು ಸರ್ಕಾರ ಹೇಳಿತ್ತು. ಆ ಆದೇಶ ಬರುವ ತನಕ ಇಬ್ಬರ ಮೇಜುಗಳೂ ದೊಡ್ಡ ಕೋಣೆಯ ನಡುವೆ ಅಕ್ಕಪಕ್ಕ ಕೂತವು. ಇಬ್ಬರೂ ಒಂದೇ ಗಂಟೆ ಒತ್ತುತ್ತಿದ್ದರು. ಜವಾನ ಎರಡು ಲೋಟ ಚಹಾವನ್ನು ಎರಡು ಕೈಯಲ್ಲಿ ಹಿಡಿದು, ಒಂದೇ ಹೊತ್ತಿಗೆ ಎರಡು ಮೇಜಿಗೂ ಇಡುವುದನ್ನು ಅಭ್ಯಾಸ ಮಾಡಿಕೊಂಡ. ಹಿರಿಯ ಯಾರು ಎಂಬ ಪ್ರಶ್ನೆ ಏಳದಿರಲೆಂದು ಗುಮಾಸ್ತರು ಇಬ್ಬರ ನಡುವಿನ ಖಾಲಿ ಜಾಗಕ್ಕೆ ನಮಸ್ಕಾರ ಮಾಡುತ್ತಿದ್ದರು.

ಇಂಥ ಹೊತ್ತಿನಲ್ಲಿ ಮೂರನೆಯ ಪದ ಬಂತು.

"ಗೋಡೆ ಕರಗಿ ರಸ ಎಲ್ಲಾ ಒಂದಾಗಿರುತ್ತೆ ಸಾರ್," ಎಂದು ಮೇಡಂ ಇಬ್ಬರ ನಡುವೆ ನಿಂತು ಹೇಳಿದರು. "ಆದ್ರೆ ಎರಡು ಕೋಶಕೇಂದ್ರಗಳು ಒಂದಾಗಲ್ಲ. ಒಂದೇ ಕೋಶದೊಳಗೆ ಪಕ್ಕಪಕ್ಕದಲ್ಲೇ ಇದ್ದುಬಿಡ್ತವೆ."

ಇಬ್ಬರೂ ಸಾಹೇಬರು ಚಹಾದ ಲೋಟ ಕೆಳಗಿಟ್ಟರು.

"ಜಗಳ ಆಡ್ತವಾ?" ಎಂದರು ಭಾಷೆಯ ಸಾಹೇಬರು.

"ಇಲ್ಲ ಸಾರ್."

"ಪೋಷಣೆ?" ಎಂದರು ವಿಜ್ಞಾನದ ಸಾಹೇಬರು.

"ಇಬ್ಬರಿಗೂ ಸಿಗುತ್ತೆ. ಕ್ಷಮಿಸಿ ಸಾರ್, ಎರಡಕ್ಕೂ."

"ಹಿಂಗೇ ಎಷ್ಟು ದಿನ ಇರಬಹುದು?"

"ಕೆಲವು ಅಣಬೆಗಳಲ್ಲಿ ವರ್ಷಗಟ್ಟಲೆ."

ಮೂರನೆಯ ಪದ ಚಹಾ ಆರುವುದರೊಳಗೆ ಅಂಗೀಕಾರವಾಯಿತು: ದ್ವಿಕೇಂದ್ರಕ ಸ್ಥಿತಿ. ಪಾಠದಿಂದ ಆ ಭಾಗವನ್ನು ನಕಲು ಮಾಡಿಸಿ, ಇಬ್ಬರೂ ಸಹಿ ಹಾಕಿ ಸರ್ಕಾರಕ್ಕೆ ಕಳಿಸಿದರು. ಸದರಿ ಸ್ಥಿತಿ ಪ್ರಕೃತಿಸಹಜವಾಗಿದ್ದು ವರ್ಷಗಟ್ಟಲೆ ಮುಂದುವರಿಯಬಹುದಾದ್ದರಿಂದ ಪ್ರತ್ಯೇಕ ಆದೇಶದ ಅಗತ್ಯ ಕಂಡುಬರುವುದಿಲ್ಲ ಎಂದು ಅದರಲ್ಲಿತ್ತು. ಇಬ್ಬರೂ ಒಂದೇ ಹಾಳೆಗೆ ಸಹಿ ಹಾಕಿದ್ದು ಅದೇ ಮೊದಲು. ಸರ್ಕಾರ ಒಪ್ಪಿತು. ಅಷ್ಟೇ ಅಲ್ಲ, ವಿಲೀನವಾದ ಉಳಿದ ಕಚೇರಿಗಳಿಗೂ ಇದನ್ನು ಮಾದರಿಯಾಗಿ ಕಳಿಸಿಕೊಟ್ಟಿತು. ಒಂದೇ ಒರೆಯಲ್ಲಿ ಎರಡು ಕತ್ತಿ ಇರಲಾರವು ಎಂಬ ಗಾದೆಯನ್ನು ಅದೇ ತಿಂಗಳು ಶಾಲಾ ಪುಸ್ತಕಗಳಿಂದ ಕೈಬಿಡಲಾಯಿತು.

ಒಂದೇ ಪದ ಉಳಿದಿತ್ತು. ಮೇಡಂ ಬಟ್ಟೆ ಮಡಿಚಿಟ್ಟುಕೊಂಡು, ಬಸ್ಸಿನ ವೇಳೆ ವಿಚಾರಿಸಿಕೊಂಡೇ ಕಚೇರಿಗೆ ಹೋದರು.

"ಕೊನೆಗೆ ಎರಡು ಕೇಂದ್ರಗಳೂ ಸೇರಿ ಒಂದಾಗ್ತವೆ," ಎಂದರು.

"ಯಾವುದು ಉಳಿಯುತ್ತೆ?" ಇಬ್ಬರೂ ಒಟ್ಟಿಗೇ ಕೇಳಿದರು.

"ಎರಡೂ ಬೆರೆತು ಹೊಸದೊಂದು ಆಗುತ್ತೆ ಸಾರ್."

"ಹೊಸದು ಅಂದ್ರೆ ಹೊರಗಿನಿಂದ ನೇಮಕವಾಗಿ ಬಂದದ್ದಾ?"

"ಅಲ್ಲ ಸಾರ್, ಇವೆರಡರದ್ದೇ."

ವಿಜ್ಞಾನದ ಸಾಹೇಬರು ಕಿಟಕಿಯಾಚೆ ನೋಡಿದರು. "ಈ ಹಂತ ಇರಲೇಬೇಕಾ ಅಮ್ಮ?"

"ಇದಾಗದಿದ್ರೆ ಬೀಜಕ ಹುಟ್ಟಲ್ಲ. ಮುಂದಿನ ಪೀಳಿಗೆಯೇ ಇರಲ್ಲ."

"ಮುಂದಿನ ಪೀಳಿಗೆ ವಿಷಯ ಮುಂದಿನ ಪೀಳಿಗೆಯವರು ನೋಡ್ಕೊಳ್ಳಲಿ," ಎಂದರು ಭಾಷೆಯ ಸಾಹೇಬರು. ನಾಲ್ಕನೆಯ ಪದದ ಎದುರು 'ಪರಿಶೀಲನೆಯಲ್ಲಿದೆ' ಎಂದು ಇಬ್ಬರೂ ಒಪ್ಪಿ ಬರೆಸಿ ಕಡತ ಮುಚ್ಚಿಸಿದರು.

ಕಡತ ಮುಚ್ಚಿಯೇ ಇತ್ತು. ಮೇಡಂ ವಾರಕ್ಕೊಮ್ಮೆ ವಿಚಾರಿಸಿದರು, ಆಮೇಲೆ ದಿನಾ ವಿಚಾರಿಸಿದರು. ಪದ ಇತ್ಯರ್ಥವಾಗದೆ ಬಿಡುಗಡೆ ಇಲ್ಲ, ಬಿಡುಗಡೆ ಇಲ್ಲದೆ ಊರಿಲ್ಲ. ಒಂದು ಸಂಜೆ ಫೋನಿನಲ್ಲಿ ಮಗಳು ಶಾಲೆಯ ವಿಷಯ ಹೇಳಿದಳು, ಅಪ್ಪ ಕಲಿತ ಹೊಸ ಸಾರಿನ ವಿಷಯ ಹೇಳಿದಳು, ಸರಿ ಇಡ್ತೀನಿ ಎಂದಳು. ಯಾವಾಗ ಬರ್ತೀಯ ಎಂದು ಕೇಳಲಿಲ್ಲ. ಕೇಳುವುದನ್ನೇ ಬಿಟ್ಟಿದ್ದಾಳೆ ಎಂಬುದು ಮೇಡಂಗೆ ಫೋನಿಟ್ಟ ಮೇಲೆ ಹೊಳೆಯಿತು.

ಬೆಳಗಾಗೆದ್ದು ಹೋಗಿ ಎರಡು ಮೇಜುಗಳ ನಡುವೆ ನಿಂತು ಹೇಳಿದರು: "ಸಾರ್, ನೀವಿಬ್ಬರೂ ಒಪ್ಪಿ ಬರೆದಿರೋ ಪದ ಆಗಲೇ ಕಡತದಲ್ಲಿದೆಯಲ್ಲ. ಎರಡು ಕೇಂದ್ರಗಳು ಒಂದಾಗೋ ಹಂತಕ್ಕೆ 'ಪರಿಶೀಲನೆ' ಅಂತಲೇ ಹೆಸರಿಡೋಣ."

ಭಾಷೆಯ ಸಾಹೇಬರು ಪದವನ್ನು ಬಾಯಲ್ಲಿ ಒಮ್ಮೆ ಹೊರಳಿಸಿ ನೋಡಿದರು. ಶುದ್ಧವಾಗಿತ್ತು. ಸಭ್ಯವಾಗಿತ್ತು. ಯಾರೂ ಯಾರೊಂದಿಗೂ ಸೇರಿದ ವಾಸನೆಯೇ ಅದರಲ್ಲಿರಲಿಲ್ಲ. ವಿಜ್ಞಾನದ ಸಾಹೇಬರಿಗೂ ಹಾವೂ ಸತ್ತು ಕೋಲೂ ಉಳಿದ ಹಾಗಾಯಿತು. ಮಧ್ಯಾಹ್ನದ ಬಸ್ಸಿಗೆ ಮೇಡಂ ಊರು ಸೇರಿದರು.

ಪುಸ್ತಕ ಬಂತು. ಮೇಡಂ ಆ ಪಾಠವನ್ನು ಪುಸ್ತಕದಲ್ಲಿದ್ದಂತೆಯೇ ಮಾಡಿದರು. ಎರಡು ಕೇಂದ್ರಗಳ ನಡುವೆ ಪರಿಶೀಲನೆ ನಡೆದು ತರುವಾಯ ಬೀಜಕಗಳು ಹುಟ್ಟುತ್ತವೆ ಎಂದು ಮಕ್ಕಳು ಬಾಯಿಪಾಠ ಮಾಡಿದರು. ಮೊದಲ ದಿನ ಮೇಡಂ ನಿಜವಾದ ಅರ್ಥವನ್ನೂ ಬಿಡಿಸಿ ಹೇಳಿದ್ದರಿಂದ, ಯಾರಿಗೂ ಯಾವ ಸಂದೇಹವೂ ಉಳಿದಿರಲಿಲ್ಲ.

ಹೀಗಿರುವಾಗ ಮೇಲಧಿಕಾರಿಯೊಬ್ಬರು ತರಗತಿಗೆ ಬಂದು, ಕೈ ಹಿಂದೆ ಕಟ್ಟಿಕೊಂಡು ಪ್ರೀತಿಯಿಂದ ಹೇಳಿದರು: "ಮಕ್ಕಳೇ, ನಾನು ಇವತ್ತು ಪರಿಶೀಲನೆಗೆ ಅಂತ ಬಂದಿದ್ದೀನಿ."

ಹುಡುಗಿಯರು ಪುಸ್ತಕದೊಳಗೆ ಮುಖ ಹುದುಗಿಸಿದರು. ಮೇಡಂ ಮಗಳು ಬೆಂಚಿನ ಕೆಳಗೆ ಪೆನ್ಸಿಲು ಹುಡುಕತೊಡಗಿದಳು. ಹಿಂದಿನ ಸಾಲಿನಿಂದ ಒಬ್ಬ ಎದ್ದು ನಿಂತು ವಿನಯದಿಂದ ಕೇಳಿದ: "ಯಾರ ಜೊತೆ ಸಾರ್?"

ಅಧಿಕಾರಿ ಮೇಡಂ ಕಡೆ ನೋಡಿದರು. ಮೇಡಂ ಕರಿಹಲಗೆ ಒರೆಸುತ್ತಿದ್ದರು.

ವರದಿ ಹೋಯಿತು. ವಿಚಾರಣೆಯಾಗಿ, ಪುಸ್ತಕವನ್ನು ಮತ್ತೆ ಅಚ್ಚು ಮಾಡಿಸಿದರೆ ಖರ್ಚು ಹೆಚ್ಚೆಂದು ಕಂಡುಬಂದುದರಿಂದ, ಪದವನ್ನು ಪುಸ್ತಕದಲ್ಲಿ ಉಳಿಸಿ ಕಚೇರಿಗಳಿಂದ ತೆಗೆಯಲು ತೀರ್ಮಾನವಾಯಿತು. ಸುತ್ತೋಲೆ ಸ್ಪಷ್ಟವಾಗಿತ್ತು: 'ಇನ್ನು ಮುಂದೆ ಯಾವ ಅಧಿಕಾರಿಯೂ ಸಾರ್ವಜನಿಕರ, ವಿಶೇಷವಾಗಿ ಮಹಿಳೆಯರ ಮತ್ತು ಮಕ್ಕಳ ಎದುರು ತಾನು ಪರಿಶೀಲನೆ ಮಾಡುತ್ತಿರುವುದಾಗಿ ಹೇಳಕೂಡದು. ಬಾಕಿ ಇರುವ ಕಡತಗಳ ಮೇಲೆ ದ್ವಿಕೇಂದ್ರಕ ಸ್ಥಿತಿಯಲ್ಲಿದೆ ಎಂದು ನಮೂದಿಸತಕ್ಕದ್ದು.'

ಜನ ಬೇಗ ಹೊಂದಿಕೊಂಡರು. ಮೇಡಂ ಗಂಡ ಅಂಗಡಿಯ ಪರವಾನಗಿ ನವೀಕರಣಕ್ಕೆಂದು ಪುರಸಭೆಗೆ ಹೋಗಿದ್ದವರು, ಊಟದ ಹೊತ್ತಿಗೆ ವಾಪಸ್ಸು ಬಂದು ಚಪ್ಪಲಿ ಬಿಟ್ಟರು.

"ಕೊಟ್ರಾ?" ಮೇಡಂ ಕೇಳಿದರು.

"ಇಲ್ಲ. ದ್ವಿಕೇಂದ್ರಕ ಸ್ಥಿತಿಯಲ್ಲಿದೆಯಂತೆ."

"ಎಷ್ಟು ದಿನ ಅಂದ್ರು?"

"ನಾನೂ ಕೇಳಿದೆ. 'ಮನೇಲಿ ಮೇಡಂನೇ ಕೇಳಿ, ಅವರಿಗೆ ನಮಗಿಂತ ಚೆನ್ನಾಗಿ ಗೊತ್ತು' ಅಂತ ಮರ್ಯಾದೆಯಿಂದ ಕೂರಿಸಿ, ಚಹಾ ಕೊಟ್ಟು ಕಳಿಸಿದ್ರು." ಅವರು ಕೈ ತೊಳೆದುಕೊಂಡು ತಟ್ಟೆಯ ಮುಂದೆ ಕೂತರು. "ಒಳ್ಳೇ ಜನ."

"ಒಳ್ಳೆಯವರೇ," ಎಂದು ಮೇಡಂ ಅನ್ನ ಬಡಿಸಿದರು.